ವಿಮೆ ಮಾರಲು ಹುಟ್ಟಿದ ರೇಡಿಯೊ: ನ್ಯಾಶ್‌ವಿಲ್‌ನ ಡಬ್ಲ್ಯುಎಸ್ಎಂ ಕಥೆ

ಅಮೆರಿಕದ ಕಂಟ್ರಿ ಸಂಗೀತದ ಊರು ಯಾವುದು ಎಂದು ಕೇಳಿದರೆ ಇಂದು ಉತ್ತರ ಸಲೀಸು: ನ್ಯಾಶ್‌ವಿಲ್. ನೂರು ವರ್ಷದ ಹಿಂದೆ ಹೀಗಿರಲಿಲ್ಲ. ಟೆನ್ನೆಸ್ಸಿ ರಾಜ್ಯದ ಈ ರಾಜಧಾನಿ ಆಗ ತನ್ನನ್ನು ‘ದಕ್ಷಿಣದ ಅಥೆನ್ಸ್’ ಎಂದು ಕರೆದುಕೊಳ್ಳುತ್ತಿತ್ತು. ವಿಶ್ವವಿದ್ಯಾಲಯ, ಬ್ಯಾಂಕು, ವಿಮಾ ಕಂಪನಿ, ಧಾರ್ಮಿಕ ಪುಸ್ತಕಗಳ ಮುದ್ರಣಾಲಯ ಇವೇ ಅದರ ಹೆಗ್ಗಳಿಕೆ. ಊರ ಪಾರ್ಕಿನಲ್ಲಿ ಗ್ರೀಸಿನ ಪಾರ್ಥೆನಾನ್ ದೇಗುಲದ ಪೂರ್ಣಗಾತ್ರದ ಪ್ರತಿಕೃತಿಯನ್ನೇ ಕಟ್ಟಿಸಿಕೊಂಡ ಜನ ಅವರು. ಹಳ್ಳಿಗಾಡಿನ ಫಿಡಲು, ಬ್ಯಾಂಜೊ ಎಂದರೆ ಅಲ್ಲಿನ ಸಿರಿವಂತರಿಗೆ ಮುಜುಗರ. ಅಂಥ ಊರನ್ನು ಹಳ್ಳಿಹಾಡಿನ ರಾಜಧಾನಿಯಾಗಿ ಮಾಡಿದ್ದು ಒಂದು ಸ್ಥಳೀಯ ರೇಡಿಯೊ ನಿಲಯ: ಡಬ್ಲ್ಯುಎಸ್ಎಂ, ಮೀಡಿಯಂ ವೇವ್ 650 ಕಿಲೋಹರ್ಟ್ಸ್.

ಅದರ ಚರಿತ್ರೆಯನ್ನು ಸಾಮಾನ್ಯವಾಗಿ ಗಾಯಕರ ಹೆಸರುಗಳ ಮೂಲಕ ಹೇಳುತ್ತಾರೆ. ನನಗೆ ಅದಕ್ಕಿಂತ ಲೆಕ್ಕದ ಪುಸ್ತಕದ ಕಡೆಯಿಂದ ನೋಡುವುದೇ ಸರಿ ಅನ್ನಿಸುತ್ತದೆ. ಏಕೆಂದರೆ ಈ ನಿಲಯ ಸಂಗೀತಕ್ಕಾಗಿ ಹುಟ್ಟಿದ್ದಲ್ಲ, ರೇಡಿಯೊದಿಂದ ಲಾಭ ಮಾಡಬೇಕೆಂದೂ ಹುಟ್ಟಿದ್ದಲ್ಲ. ಮೊದಲ ದಿನದಿಂದ ಇಂದಿನವರೆಗೂ ಅದರ ಮಾಲೀಕರು ಬೇರೆ ಏನನ್ನೋ ಮಾರುತ್ತಿದ್ದರು. ರೇಡಿಯೊ ಆ ಅಂಗಡಿಯ ಬೋರ್ಡು.

ಮೊದಲ ಅಂಗಡಿ ಜೀವವಿಮೆಯದು. ನ್ಯಾಷನಲ್ ಲೈಫ್ ಅಂಡ್ ಆಕ್ಸಿಡೆಂಟ್ ಇನ್ಶೂರೆನ್ಸ್ ಕಂಪನಿ ಕೂಲಿಕಾರರು, ಗಿರಣಿ ಕೆಲಸಗಾರರು, ಸಣ್ಣ ರೈತರು, ಕರಿಯ ಕುಟುಂಬಗಳು, ಹೀಗೆ ಬಡವರಿಗೆ ಸಣ್ಣ ಮೊತ್ತದ ಪಾಲಿಸಿ ಮಾರುತ್ತಿತ್ತು. ಕಾಯಿಲೆ ಬಿದ್ದರೆ ಒಂದಿಷ್ಟು, ಸತ್ತರೆ ಮಣ್ಣುಮಾಡುವ ಖರ್ಚಿಗೆ ಒಂದಿಷ್ಟು. ಕಂತು ವಾರಕ್ಕೆ ಕೆಲವೇ ಸೆಂಟು. ಅದನ್ನು ವಸೂಲು ಮಾಡಲು ಏಜೆಂಟು ವಾರವಾರ ಮನೆ ಬಾಗಿಲಿಗೆ ಬರುತ್ತಿದ್ದ. ಕರಾವಳಿಯವರಿಗೆ ಇದು ಚೆನ್ನಾಗಿ ಅರ್ಥವಾಗುತ್ತದೆ. ಡಬ್ಲ್ಯುಎಸ್ಎಂ ಹುಟ್ಟಿದ 1925ರಲ್ಲೇ ಉಡುಪಿಯಲ್ಲಿ ಹುಟ್ಟಿ ಮುಂದೆ ಸಿಂಡಿಕೇಟ್ ಬ್ಯಾಂಕ್ ಆದ ಸಂಸ್ಥೆ 1928ರಲ್ಲಿ ಪಿಗ್ಮಿ ಠೇವಣಿ ಶುರುಮಾಡಿತಲ್ಲ, ಅದರ ಏಜೆಂಟರು ದಿನಾ ಬಂದು ಎರಡಾಣೆ ಕೇಳುತ್ತಿದ್ದ ಹಾಗೆಯೇ ಇದು. ಇಂಥ ವ್ಯವಹಾರ ನಿಂತಿರುವುದು ಬಾಗಿಲು ತೆರೆಯುವುದರ ಮೇಲೆ. ಒಳಗೆ ಕರೆದು ಕೂರಿಸಿದರೆ ಪಾಲಿಸಿ, ಇಲ್ಲದಿದ್ದರೆ ಇಲ್ಲ.

ಕಂಪನಿಯ ಸ್ಥಾಪಕರಲ್ಲಿ ಒಬ್ಬರ ಮಗ ಎಡ್ವಿನ್ ಕ್ರೇಗ್‌ಗೆ ರೇಡಿಯೊ ಹುಚ್ಚು ಹಿಡಿದಿತ್ತು. ಹಿರಿಯರಿಗೆ ಇದು ದುಬಾರಿ ಆಟಿಕೆಯಂತೆ ಕಂಡರೂ ಅವರು ಬಿಡಲಿಲ್ಲ. ನ್ಯಾಶ್‌ವಿಲ್‌ನ ಸೆವೆಂತ್ ಅವೆನ್ಯೂದಲ್ಲಿದ್ದ ಕಂಪನಿ ಕಟ್ಟಡದ ಐದನೇ ಮಹಡಿಯಲ್ಲಿ ಸ್ಟುಡಿಯೊ ಎದ್ದಿತು. 1925ರ ಅಕ್ಟೋಬರ್ 5ರಂದು ಸಾವಿರ ವಾಟ್ ಶಕ್ತಿಯಲ್ಲಿ ಪ್ರಸಾರ ಶುರುವಾಯಿತು. ನಿಲಯದ ಮೂರಕ್ಷರದ ಕರೆಹೆಸರು ಕಂಪನಿಯ ಘೋಷವಾಕ್ಯದಿಂದಲೇ ಬಂದದ್ದು, ‘ವಿ ಶೀಲ್ಡ್ ಮಿಲಿಯನ್ಸ್’, ‘ಲಕ್ಷಾಂತರ ಜನಕ್ಕೆ ನಾವು ಗುರಾಣಿ’ ಎಂಬರ್ಥದ ವಾಕ್ಯ ಅದು. ಹಾಗಾಗಿ ಉದ್ಘೋಷಕ ನಿಲಯದ ಹೆಸರು ಹೇಳಿದಾಗಲೆಲ್ಲ ಅದೊಂದು ಪುಕ್ಕಟೆ ಜಾಹೀರಾತು.

ಆದರೆ ಮೊದಲ ದಿನಗಳಲ್ಲಿ ಅಲ್ಲಿ ಕೇಳುತ್ತಿದ್ದುದು ಹಳ್ಳಿಹಾಡಲ್ಲ. ನೃತ್ಯದ ಆರ್ಕೆಸ್ಟ್ರಾ, ಪಿಯಾನೊ, ಚರ್ಚಿನ ಗಾಯನ, ಉಪನ್ಯಾಸ ಇವು. ಕ್ರೇಗ್ ಮನೆತನ ಗಣ್ಯರ ಸಾಲಿನದು. ನಿಲಯವೂ ಹಾಗೇ ಇರಬೇಕಿತ್ತು. ತಿರುವು ತಂದವರು ಜಾರ್ಜ್ ಡಿ. ಹೇ. ಷಿಕಾಗೊದ ಡಬ್ಲ್ಯುಎಲ್ಎಸ್ ನಿಲಯದಲ್ಲಿ 1924ರಲ್ಲಿ ಶುರುವಾಗಿದ್ದ ‘ಬಾರ್ನ್ ಡಾನ್ಸ್’, ಎಂದರೆ ಕಣಜದ ಕೊಟ್ಟಿಗೆಯಲ್ಲಿ ನಡೆಯುವ ಹಳ್ಳಿ ಕುಣಿತದ ಮಾದರಿಯ ಶನಿವಾರದ ಕಾರ್ಯಕ್ರಮದಿಂದ ಅವರು ಹೆಸರಾಗಿದ್ದರು. ವಯಸ್ಸು ಮೂವತ್ತು ಆಗಿತ್ತೋ ಇಲ್ಲವೋ, ಮೈಕಿನ ಮುಂದೆ ತನ್ನನ್ನು ‘ಗಂಭೀರ ಮುದಿ ನ್ಯಾಯಾಧೀಶ’ ಎಂದು ಕರೆದುಕೊಳ್ಳುವ ಆಸಾಮಿ.

1925ರ ನವೆಂಬರ್ 28ರ ಶನಿವಾರ ರಾತ್ರಿ ಹೇ 77 ವರ್ಷದ ಫಿಡಲ್ ವಾದಕ ಅಂಕಲ್ ಜಿಮ್ಮಿ ಥಾಂಪ್ಸನ್ ಅವರನ್ನು ಮೈಕಿನ ಮುಂದೆ ಕೂರಿಸಿದರು. ಪಿಯಾನೊದಲ್ಲಿ ಅವರ ಸಂಬಂಧಿ ಹೆಣ್ಣುಮಗಳು. ಕೇಳುಗರಿಂದ ಕೋರಿಕೆಗಳು ಸುರಿದವು. ಒಂದು ಗಂಟೆ ಆದಮೇಲೆ ಸಾಕೇ ಎಂದು ಕೇಳಿದರೆ, ಒಂದು ಗಂಟೆಯಲ್ಲಿ ಕೈ ಕೂಡ ಬಿಸಿಯಾಗುವುದಿಲ್ಲ ಎಂದು ಅಜ್ಜ ಗೊಣಗಿದರಂತೆ. ಇಂದಿಗೂ ಆ ದಿನವನ್ನೇ ಕಾರ್ಯಕ್ರಮದ ಹುಟ್ಟುಹಬ್ಬವೆಂದು ಆಚರಿಸುತ್ತಾರೆ. ಡಿಸೆಂಬರ್ ಕೊನೆಯ ಹೊತ್ತಿಗೆ ಅದು ಪ್ರತಿ ಶನಿವಾರದ ನೇಮವಾಯಿತು.

ಎರಡು ವರ್ಷದ ಬಳಿಕ ಅದಕ್ಕೊಂದು ಹೆಸರು ಬಂದ ಬಗೆ ಚೆನ್ನಾಗಿದೆ. ಡಬ್ಲ್ಯುಎಸ್ಎಂ ಆಗ ದೇಶವ್ಯಾಪಿ ರೇಡಿಯೊ ಸಂಸ್ಥೆಯಾದ ಎನ್‌ಬಿಸಿ ಜಾಲದ ಸದಸ್ಯ. ಶನಿವಾರ ರಾತ್ರಿ ನ್ಯೂಯಾರ್ಕಿನಿಂದ ವಾಲ್ಟರ್ ಡ್ಯಾಮ್ರಾಷ್ ನಡೆಸಿಕೊಡುವ ಶಾಸ್ತ್ರೀಯ ಸಂಗೀತದ ಕಾರ್ಯಕ್ರಮ ಮುಗಿದ ಮೇಲೆ ಹೇ ಅವರ ಸರದಿ. ಆಪೆರಾ ಎಂದರೆ ಪಶ್ಚಿಮದ ಶಾಸ್ತ್ರೀಯ ಸಂಗೀತ ನಾಟಕ. ಇಷ್ಟು ಹೊತ್ತು ಗ್ರ್ಯಾಂಡ್ ಆಪೆರಾ ಕೇಳಿದಿರಿ, ಇನ್ನು ನಮ್ಮ ‘ಗ್ರ್ಯಾಂಡ್ ಓಲ್ ಆಪ್ರಿ’ ಕೇಳಿ ಎಂದು ಅವರು ಹಳ್ಳಿ ಉಚ್ಚಾರದಲ್ಲಿ ಕುಚೋದ್ಯ ಮಾಡಿದರು. 1927ರ ಡಿಸೆಂಬರಿನ ಆ ರಾತ್ರಿ ಮೊದಲು ನುಡಿಸಿದವರು ಡಿಫೋರ್ಡ್ ಬೈಲಿ; ಮೌತ್ ಆರ್ಗನ್ನಿನಲ್ಲಿ ರೈಲು ಓಡಿಸುತ್ತಿದ್ದ ಕರಿಯ ಕಲಾವಿದ. ದೇಶದ ಅತಿ ಪ್ರಸಿದ್ಧ ಕಂಟ್ರಿ ಕಾರ್ಯಕ್ರಮಕ್ಕೆ ಹೆಸರು ಬಿದ್ದ ಗಳಿಗೆಯಲ್ಲಿ ಅಲ್ಲಿದ್ದ ಕಲಾವಿದ ಕರಿಯರೆಂಬುದನ್ನು ಕಂಟ್ರಿ ಎಂದರೆ ಬಿಳಿಯರ ಸಂಗೀತ ಎನ್ನುವವರು ಸುಲಭವಾಗಿ ಮರೆಯುತ್ತಾರೆ.

ಬೈಲಿಯವರ ಕಥೆ ಮುಂದೆ ಕಹಿಯಾಗುತ್ತದೆ. 1941ರಲ್ಲಿ ಹಾಡುಗಳ ಹಕ್ಕು ನೋಡಿಕೊಳ್ಳುವ ಆಸ್ಕ್ಯಾಪ್ ಸಂಸ್ಥೆ ಶುಲ್ಕ ಏರಿಸಿದ್ದಕ್ಕೆ ರೇಡಿಯೊ ನಿಲಯಗಳು ಅದರ ಪಟ್ಟಿಯ ಹಾಡುಗಳನ್ನೆಲ್ಲ ಬಹಿಷ್ಕರಿಸಿದವು. ಬಿಎಂಐ ಎಂಬ ತಮ್ಮದೇ ಸಂಸ್ಥೆ ಕಟ್ಟಿಕೊಂಡವು. ಬೈಲಿ ಹೆಸರಾಗಿದ್ದ ಹಾಡುಗಳು ಆ ಜಗಳಕ್ಕೆ ಸಿಕ್ಕಿಬಿದ್ದವು. ಹೊಸದು ಕಲಿಯಲಿಲ್ಲ ಎಂಬ ಕಾರಣ ಕೊಟ್ಟು ಅವರನ್ನು ತೆಗೆದುಹಾಕಿದರು. 1945ರಲ್ಲಿ ಕಾರ್ಯಕ್ರಮದ ಚರಿತ್ರೆ ಬರೆದ ಹೇ, ಬೈಲಿಯನ್ನು ಸೋಮಾರಿ ಎಂದರು; ಅವರ ಜನಾಂಗವನ್ನೂ ಆ ಮಾತಿಗೆ ಎಳೆತಂದರು. ಬೈಲಿ ನ್ಯಾಶ್‌ವಿಲ್‌ನಲ್ಲೇ ಬೂಟ್ ಪಾಲಿಷ್ ಅಂಗಡಿ ನಡೆಸಿ ಬದುಕಿದರು. 1982ರಲ್ಲಿ ತೀರಿಕೊಂಡರು. ಕಂಟ್ರಿ ಸಂಗೀತದ ಹಾಲ್ ಆಫ್ ಫೇಮ್‌ಗೆ ಅವರ ಹೆಸರು ಸೇರಿದ್ದು 2005ರಲ್ಲಿ.

ಹೇ ಅವರ ಇನ್ನೊಂದು ಕರಾಮತ್ತು ಗಮನಿಸಬೇಕು. ಅವರು ಬರುವುದಕ್ಕೆ ಮೊದಲೇ ಡಬ್ಲ್ಯುಎಸ್ಎಂನಲ್ಲಿ ಹಳ್ಳಿ ಧಾಟಿ ನುಡಿಸಿದ್ದ ಒಂದು ತಂಡವಿತ್ತು. ಅದರ ಮುಖ್ಯಸ್ಥ ಡಾ. ಹಂಫ್ರಿ ಬೇಟ್, ವ್ಯಾಂಡರ್‌ಬಿಲ್ಟ್ ವಿಶ್ವವಿದ್ಯಾಲಯದಲ್ಲಿ ಓದಿದ ವೈದ್ಯರು. ಕೋಟು ಟೈ ಹಾಕಿಕೊಂಡು ನುಡಿಸುತ್ತಿದ್ದ ಅವರ ಆರ್ಕೆಸ್ಟ್ರಾಕ್ಕೆ ಹೇ ‘ಪಾಸಮ್ ಬೇಟೆಗಾರರು’ ಎಂದು ಹೆಸರಿಟ್ಟರು; ಪಾಸಮ್ ಎಂದರೆ ಅಲ್ಲಿನ ಒಂದು ಸಣ್ಣ ಕಾಡುಪ್ರಾಣಿ. ಉಳಿದ ತಂಡಗಳಿಗೂ ಇಂಥವೇ ಹೆಸರು: ಒಂದು ಹಣ್ಣಿನ ಜಾಡಿಯಲ್ಲಿ ಕಳ್ಳಭಟ್ಟಿ ಕುಡಿಯುವವರ ತಂಡ, ಇನ್ನೊಂದು ಕೊರಕಲು ಜಿಗಿಯುವವರದು. ಮೇಲಂಗಿ ಸಮೇತ ಹೊಲದ ಉಡುಪು ತೊಡಿಸಿ, ಜೋಳದ ಹೊಲದ ಬದುವಿನಲ್ಲಿ ನಿಲ್ಲಿಸಿ ಫೋಟೊ ತೆಗೆಸಿದರು. ಕಂಟ್ರಿ ಸಂಗೀತದ ‘ಮುಗ್ಧ ಹಳ್ಳಿಗ’ನ ವೇಷ ಹೀಗೆ ಬಹುಮಟ್ಟಿಗೆ ವಿಮಾ ಕಚೇರಿಯಲ್ಲಿ ಹೊಲಿಸಿದ್ದು. ಸಂಗೀತ ಸುಳ್ಳಲ್ಲ, ವೇಷ ಮಾತ್ರ ಮಾರಾಟದ್ದು.

ಈ ವೇಷ ಏಕೆ ಬೇಕಿತ್ತು ಎಂಬುದಕ್ಕೆ ಏಜೆಂಟನ ಬಳಿಗೆ ಮರಳಬೇಕು. ಶನಿವಾರ ರಾತ್ರಿ ಆಪ್ರಿ ಕೇಳಿದ ಮನೆಗೆ ಸೋಮವಾರ ಏಜೆಂಟ್ ಹೋಗುತ್ತಾನೆ, ನಾನು ಆಪ್ರಿ ನಡೆಸುವ ಕಂಪನಿಯವನು ಎನ್ನುತ್ತಾನೆ. ಬಾಗಿಲು ತೆರೆಯುತ್ತದೆ. ಕಾರ್ಯಕ್ರಮ ನೋಡಲು ಜನ ಸ್ಟುಡಿಯೊಗೇ ಮುತ್ತಿಗೆ ಹಾಕತೊಡಗಿದಾಗ ಮೊದಲಿಗೆ ಪುಕ್ಕಟೆ ಟಿಕೆಟ್ ಮಾಡಿ ಅವನ್ನು ಏಜೆಂಟರ ಕೈಯಿಂದಲೇ ಪಾಲಿಸಿದಾರರಿಗೆ ಹಂಚಿಸಿದರು. ಜನಸಂದಣಿಯಿಂದ ಮೇಲಧಿಕಾರಿಗಳಿಗೇ ತಮ್ಮ ಕೋಣೆಗೆ ದಾರಿ ಸಿಗದಾಯಿತು ಎಂಬ ಕಥೆಯೂ ಇದೆ. 1934ರಿಂದ ಆಪ್ರಿ ಕಚೇರಿ ಬಿಟ್ಟು ಊರೆಲ್ಲ ಅಲೆಯಿತು: ಹಿಲ್ಸ್‌ಬರೊ ಥಿಯೇಟರ್, ಡಿಕ್ಸಿ ಟ್ಯಾಬರ್ನಾಕಲ್, 1939ರಲ್ಲಿ ವಾರ್ ಮೆಮೋರಿಯಲ್ ಸಭಾಂಗಣ. ಅಲ್ಲಿ 25 ಸೆಂಟ್ ಪ್ರವೇಶದರ ಇಟ್ಟದ್ದು ಹಣಕ್ಕಲ್ಲ, ಜನ ಕಡಿಮೆಯಾಗಲಿ ಎಂದು. ಕಡಿಮೆಯಾಗಲಿಲ್ಲ. 1943ರಲ್ಲಿ ಅದು ರೈಮನ್ ಸಭಾಂಗಣಕ್ಕೆ ಬಂತು. 1892ರಲ್ಲಿ ಧಾರ್ಮಿಕ ಸಭೆಗಳಿಗೆಂದು ಕಟ್ಟಿದ, ಚರ್ಚಿನಂಥದೇ ಉದ್ದ ಬೆಂಚುಗಳಿರುವ ಕಟ್ಟಡ.

ಇನ್ನು ಈ ಕಥೆಯ ತಾಂತ್ರಿಕ ಭಾಗ. ಒಂದೂರಿನ ನಿಲಯ ಅರ್ಧ ದೇಶಕ್ಕೆ ಕೇಳಿದ್ದು ಹೇಗೆ? ನಮ್ಮಲ್ಲಿ ಆಕಾಶವಾಣಿ ಬೆಂಗಳೂರು ಮೀಡಿಯಂ ವೇವ್‌ನ 612 ಕಿಲೋಹರ್ಟ್ಸ್‌ನಲ್ಲಿ ಇರುವುದರಿಂದ ಡಬ್ಲ್ಯುಎಸ್ಎಂನ 650 ಹಳೆಯ ರೇಡಿಯೊ ಡಯಲ್ಲಿನಲ್ಲಿ ಎಲ್ಲಿ ಬರುತ್ತದೆಂದು ಊಹಿಸಿಕೊಳ್ಳಬಹುದು. ಮುಳ್ಳನ್ನು ಕೂದಲೆಳೆಯಷ್ಟು ಬಲಕ್ಕೆ ಸರಿಸಿದರೆ ಸಾಕು. ಈ ಪಟ್ಟಿಯ ಅಲೆಗಳಿಗೆ ಹಗಲೊಂದು ಗುಣ, ರಾತ್ರಿಯೊಂದು ಗುಣ. ಹಗಲಿನಲ್ಲಿ ಸೂರ್ಯನ ಬಿಸಿಲಿಗೆ ವಾತಾವರಣದ ಮೇಲ್ಭಾಗದಲ್ಲಿ, ನೆಲದಿಂದ ಸುಮಾರು 60ರಿಂದ 90 ಕಿಲೋಮೀಟರ್ ಎತ್ತರದಲ್ಲಿ, ವಿದ್ಯುದಾವೇಶವಿರುವ ಒಂದು ಪದರ ಏಳುತ್ತದೆ. ಮೇಲಕ್ಕೆ ಹೋದ ಅಲೆಯನ್ನು ಅದು ನುಂಗಿಬಿಡುತ್ತದೆ. ನೆಲಕ್ಕೆ ಅಂಟಿಕೊಂಡು ಹರಿಯುವ ಅಲೆ ಮಾತ್ರ ಉಳಿಯುತ್ತದೆ. ಸೂರ್ಯ ಮುಳುಗಿದಂತೆ ಆ ಪದರ ಕರಗುತ್ತದೆ. ಆಗ ಅಲೆ ಇನ್ನೂ ಮೇಲಿನ ಪದರಗಳವರೆಗೆ ಹೋಗಿ ಬಾಗಿ ನೂರಾರು ಕಿಲೋಮೀಟರ್ ಆಚೆ ನೆಲಕ್ಕಿಳಿಯುತ್ತದೆ. ರಾತ್ರಿ ಹೊತ್ತು ಟ್ರಾನ್ಸಿಸ್ಟರ್ ತಿರುಗಿಸುತ್ತ ಗುರುತಿಲ್ಲದ ಭಾಷೆಯ ನಿಲಯ ಹಿಡಿದವರಿಗೆಲ್ಲ ಇದರ ಅನುಭವ ಇದ್ದೇ ಇರುತ್ತದೆ.

ಆದರೆ ಇದೇ ಗುಣದಿಂದ ತೊಂದರೆಯೂ ಉಂಟು. ಒಂದೇ ತರಂಗಾಂತರದಲ್ಲಿ ನಾಲ್ಕು ಊರಿನ ನಿಲಯಗಳಿದ್ದರೆ ರಾತ್ರಿಯಾದೊಡನೆ ನಾಲ್ಕೂ ಒಂದರ ಮೇಲೊಂದು ಬಿದ್ದು ಬರೀ ಗಲಾಟೆ. 1920ರ ದಶಕದ ಅಮೆರಿಕದಲ್ಲಿ ಆದದ್ದು ಅದೇ. 1928ರಲ್ಲಿ ಫೆಡರಲ್ ರೇಡಿಯೊ ಆಯೋಗ ಇಡೀ ಪಟ್ಟಿಯನ್ನು ಮರುಹಂಚಿತು. ಅದರಲ್ಲಿ 40 ತರಂಗಾಂತರಗಳನ್ನು ‘ಕ್ಲಿಯರ್ ಚಾನೆಲ್’ ಎಂದು ಗುರುತಿಸಿತು. ರಾತ್ರಿ ಹೊತ್ತು ಅಂಥ ಪ್ರತಿಯೊಂದರಲ್ಲೂ ಇಡೀ ದೇಶಕ್ಕೆ ಒಂದೇ ನಿಲಯ. 650 ಡಬ್ಲ್ಯುಎಸ್ಎಂಗೆ ಸಿಕ್ಕಿತು. ನನ್ನ ಮಟ್ಟಿಗೆ ಇಡೀ ಕಥೆಯಲ್ಲಿ ಅತಿ ಬೆಲೆಬಾಳುವ ಆಸ್ತಿ ಇದೇ. ಗಾಯಕರನ್ನು ಬೇರೆ ನಿಲಯಗಳೂ ಹುಡುಕಬಹುದಿತ್ತು. ಖಾಲಿಯಾಗಿ ಸಿಕ್ಕ ರಾತ್ರಿಯ ಆಕಾಶವನ್ನು ಯಾರೂ ಕೊಳ್ಳುವಂತಿರಲಿಲ್ಲ.

1932ರಲ್ಲಿ ನಿಲಯ 50,000 ವಾಟ್‌ಗೆ ಏರಿತು. ಅಲ್ಲಿನ ಕಾನೂನು ಸಾಮಾನ್ಯವಾಗಿ ಬಿಡುವ ಗರಿಷ್ಠ ಮಿತಿ ಇಂದಿಗೂ ಅದೇ. ಜೊತೆಗೆ ನಗರದ ದಕ್ಷಿಣಕ್ಕೆ ಬ್ರೆಂಟ್‌ವುಡ್‌ನಲ್ಲಿ 878 ಅಡಿಯ ಟವರ್ ಎದ್ದಿತು. ಬ್ಲಾ-ನಾಕ್ಸ್ ಕಂಪನಿ ಮಾಡಿದ ಅದರ ಆಕಾರ ನೋಡಿದವರು ಮರೆಯುವಂತಿಲ್ಲ: ನಡುವೆ ಹೊಟ್ಟೆ ಉಬ್ಬಿ ಮೇಲಕ್ಕೂ ಕೆಳಕ್ಕೂ ಚೂಪಾಗುವ ಉಕ್ಕಿನ ವಜ್ರ. ಬುಡದಲ್ಲಿ ಇಡೀ ಭಾರ ಒಂದು ಪಿಂಗಾಣಿ ಇನ್ಸುಲೇಟರಿನ ಮೇಲೆ. ಏಕೆಂದರೆ ಇಲ್ಲಿ ಟವರ್ ಆಂಟೆನಾವನ್ನು ಹೊರುವ ಕಂಬವಲ್ಲ, ಟವರೇ ಆಂಟೆನಾ. 650 ಕಿಲೋಹರ್ಟ್ಸ್ ಅಲೆಯ ಉದ್ದ ಸುಮಾರು 461 ಮೀಟರ್. ಟವರಿನ ಎತ್ತರ ಅದರ ಅರ್ಧಕ್ಕಿಂತ ತುಸು ಹೆಚ್ಚಿದ್ದರೆ ಶಕ್ತಿ ನೆಲದ ಕಡೆಗೆ ಚೆನ್ನಾಗಿ ಹರಿಯುತ್ತದೆ. ತೀರ ಎತ್ತರವಾದರೆ ಒಂದಷ್ಟು ಮೇಲಕ್ಕೆ ಹೋಗಿ ರಾತ್ರಿ ಹತ್ತಿರದೂರುಗಳಲ್ಲೇ ಇಳಿದು ನೆಲದ ಅಲೆಯೊಡನೆ ಜಗಳವಾಡಿ ಧ್ವನಿ ಏರಿಳಿಯುತ್ತದೆ. 1939ರಲ್ಲಿ ಟವರನ್ನು 808 ಅಡಿಗೆ, ಎಂದರೆ ಸುಮಾರು 246 ಮೀಟರಿಗೆ ಇಳಿಸಿದ್ದು ಇದಕ್ಕೇ. ಅದು ಈಗಲೂ ಅಲ್ಲೇ ನಿಂತು ಕೆಲಸ ಮಾಡುತ್ತಿದೆ. ಟವರಿನ ಪಕ್ಕದಲ್ಲಿ ಹಾದುಹೋಗುತ್ತಿದ್ದ ಪ್ಯಾನ್-ಅಮೆರಿಕನ್ ರೈಲಿನ ಸೀಟಿಯನ್ನು ಮೈಕ್ ಇಟ್ಟು ಸಂಜೆ ಸಂಜೆ ಪ್ರಸಾರ ಮಾಡುತ್ತಿದ್ದರು. ಬೈಲಿ ಮೌತ್ ಆರ್ಗನ್ನಿನಲ್ಲಿ ನುಡಿಸುತ್ತಿದ್ದ ರೈಲೂ ಅದೇ.

ಇದನ್ನೆಲ್ಲ ನೋಡಿಕೊಂಡ ಎಂಜಿನಿಯರ್ ಜಾಕ್ ಡಿವಿಟ್ ಬಗ್ಗೆ ಒಂದು ಮಾತು ಹೇಳದೆ ಮುಂದೆ ಹೋಗಲಾರೆ. ಎರಡನೇ ಮಹಾಯುದ್ಧದ ಕಾಲದಲ್ಲಿ ಅವರು ಸೇನೆಯ ಸಿಗ್ನಲ್ ಕೋರ್‌ಗೆ ಹೋದರು. 1946ರ ಜನವರಿಯಲ್ಲಿ ಅವರ ನೇತೃತ್ವದ ತಂಡ ಚಂದ್ರನಿಗೆ ರೇಡಾರ್ ಅಲೆ ಬಿಟ್ಟು ಅದರ ಪ್ರತಿಧ್ವನಿಯನ್ನು ಹಿಡಿಯಿತು. ಮರುವರ್ಷ ಊರಿಗೆ ಮರಳಿ ಡಬ್ಲ್ಯುಎಸ್ಎಂನ ಅಧ್ಯಕ್ಷರಾದರು.

ಕೇಳುಗರ ಕಡೆಯೂ ನೋಡೋಣ. 1930ರ ದಶಕದ ಮಧ್ಯದಲ್ಲಿ ಅಮೆರಿಕದ ಹೊಲಮನೆಗಳಲ್ಲಿ ಹತ್ತಕ್ಕೆ ಒಂದಕ್ಕೆ ಮಾತ್ರ ವಿದ್ಯುತ್ತಿತ್ತು. ರೇಡಿಯೊ ಓಡುತ್ತಿದ್ದುದು ಬ್ಯಾಟರಿಯಲ್ಲಿ. ವಾರವಿಡೀ ಉಳಿಸಿ ಶನಿವಾರ ರಾತ್ರಿಗೆ ಖರ್ಚು ಮಾಡುವುದು, ರೇಡಿಯೊ ಇದ್ದವರ ಮನೆಗೆ ನೆರೆಹೊರೆಯವರೆಲ್ಲ ಸೇರುವುದು ಸಾಮಾನ್ಯವಾಗಿತ್ತು. 1939ರಿಂದ ಪ್ರಿನ್ಸ್ ಆಲ್ಬರ್ಟ್ ತಂಬಾಕಿನ ಪ್ರಾಯೋಜಕತ್ವದಲ್ಲಿ ಆಪ್ರಿಯ ಅರ್ಧ ಗಂಟೆ ಎನ್‌ಬಿಸಿ ಜಾಲಕ್ಕೂ ಹೋಯಿತು. ಈ ಹೊತ್ತಿಗೆ ಕಾರ್ಯಕ್ರಮದ ತಾರೆ ಫಿಡಲಿಗ ಅಜ್ಜಂದಿರಲ್ಲ, ಗಾಯಕರು. 1938ರಲ್ಲಿ ರಾಯ್ ಏಕಫ್, 1939ರಲ್ಲಿ ಬಿಲ್ ಮನ್ರೊ, 1940ರಲ್ಲಿ ಹಾಸ್ಯನಟಿ ಮಿನ್ನಿ ಪರ್ಲ್, 1949ರ ಜೂನ್ 11ರಂದು ಹ್ಯಾಂಕ್ ವಿಲಿಯಮ್ಸ್. ವಿಲಿಯಮ್ಸ್ ಅವರನ್ನು ಕುಡಿತದ ಕಾರಣಕ್ಕೆ 1952ರ ಆಗಸ್ಟಿನಲ್ಲಿ ಹೊರಹಾಕಿದರು. 1953ರ ಹೊಸವರ್ಷದ ದಿನ ಅವರು 29ನೇ ವಯಸ್ಸಿನಲ್ಲಿ ಸತ್ತರು.

ಊರಿನ ಗಣ್ಯರಿಗೆ ಮಾತ್ರ ಸಮಾಧಾನವಿರಲಿಲ್ಲ. 1943ರಲ್ಲಿ ಆಪ್ರಿ ಸಮಾರಂಭಕ್ಕೆ ಕರೆದಾಗ ಗವರ್ನರ್ ಪ್ರೆಂಟಿಸ್ ಕೂಪರ್ ಬರಲೊಪ್ಪಲಿಲ್ಲ. ಏಕಫ್ ರಾಜ್ಯದ ಮಾನ ಕಳೆಯುತ್ತಿದ್ದಾರೆ ಎಂದರು. ಏಕಫ್ 1948ರಲ್ಲಿ ತಾವೇ ಗವರ್ನರ್ ಚುನಾವಣೆಗೆ ನಿಂತು ಸೋತರು.

ಸರಿ, ರೇಡಿಯೊ ಪ್ರಸಿದ್ಧವಾಯಿತು. ಆದರೆ ಇಡೀ ಸಂಗೀತೋದ್ಯಮ ಅಲ್ಲಿಗೇ ಏಕೆ ಬಂತು? ಷಿಕಾಗೊದ ಬಾರ್ನ್ ಡಾನ್ಸ್ ಮೊದಲಿನದು, ಒಂದು ಕಾಲಕ್ಕೆ ಆಪ್ರಿಗಿಂತ ದೊಡ್ಡದು ಕೂಡ. ಆದರೂ ಅದು ಷಿಕಾಗೊವನ್ನು ಕಂಟ್ರಿ ನಗರವಾಗಿಸಲಿಲ್ಲ. ವ್ಯತ್ಯಾಸ ಮಾಡಿದ್ದು ಶನಿವಾರದ ಕಟ್ಟುಪಾಡು ಎಂದು ನನಗನ್ನಿಸುತ್ತದೆ. ಆಪ್ರಿ ಕೊಡುತ್ತಿದ್ದ ಸಂಬಳ ಅಲ್ಪ. ಆದರೆ ಆಪ್ರಿ ಸದಸ್ಯ ಎಂಬ ಬಿರುದು ಹೊತ್ತು ಹೋದರೆ ಎಲ್ಲಿ ಬೇಕಾದರೂ ಡೇರೆ ತುಂಬುತ್ತಿತ್ತು. ಆ ಬಿರುದಿಗೆ ಬೆಲೆ, ಶನಿವಾರ ರಾತ್ರಿ ನ್ಯಾಶ್‌ವಿಲ್‌ನಲ್ಲಿ ಹಾಜರಿರುವುದು. 1960ರ ದಶಕದಲ್ಲಿ ವರ್ಷಕ್ಕೆ 26 ಶನಿವಾರ ಬರಲೇಬೇಕೆಂಬ ನಿಯಮವಿತ್ತು; ಶನಿವಾರವೆಂದರೆ ಗಾಯಕನಿಗೆ ಅತಿ ಹೆಚ್ಚು ಗಳಿಕೆಯ ರಾತ್ರಿ ಎಂಬುದನ್ನು ನೆನಪಿಡಿ. ಹೀಗಾಗಿ ಕಲಾವಿದರು ಅಲ್ಲೇ ಮನೆ ಮಾಡಿದರು. ಕಲಾವಿದರಿದ್ದಲ್ಲಿಗೆ ಹಾಡು ಮಾರುವವರು ಬಂದರು.

ಅವರಲ್ಲಿ ಎಷ್ಟೋ ಜನ ಡಬ್ಲ್ಯುಎಸ್ಎಂನ ಸಂಬಳದ ಪಟ್ಟಿಯಲ್ಲಿದ್ದವರೇ. ಅಲ್ಲಿ ಪಿಯಾನೊ ನುಡಿಸುತ್ತಿದ್ದ ಫ್ರೆಡ್ ರೋಸ್ 1942ರಲ್ಲಿ ಏಕಫ್ ಜೊತೆ ಸೇರಿ ಏಕಫ್-ರೋಸ್ ಎಂಬ ಹಾಡುಗಳ ಪ್ರಕಾಶನ ತೆರೆದರು. ನಿಲಯದ ಮೂವರು ಎಂಜಿನಿಯರುಗಳು ಬಿಡುವಿನ ವೇಳೆಯಲ್ಲಿ ಕ್ಯಾಸಲ್ ಎಂಬ ರೆಕಾರ್ಡಿಂಗ್ ಸ್ಟುಡಿಯೊ ಕಟ್ಟಿ ಟುಲೇನ್ ಹೋಟೆಲಿನಲ್ಲಿ ನಡೆಸಿದರು. ಹ್ಯಾಂಕ್ ವಿಲಿಯಮ್ಸ್ ಅಲ್ಲಿ ಹಾಡಿದರು. ನಿಲಯದ ಸಂಗೀತ ವಿಭಾಗದಲ್ಲಿದ್ದ ಓವನ್ ಬ್ರ್ಯಾಡ್ಲಿ ಮುಂದೆ ನಗರದ ದೊಡ್ಡ ನಿರ್ಮಾಪಕರಾದರು. ತಮಾಷೆಯೆಂದರೆ ನ್ಯಾಶ್‌ವಿಲ್‌ನಲ್ಲಿ ಧ್ವನಿಮುದ್ರಿಸಿ 1947ರಲ್ಲಿ ಇಡೀ ದೇಶ ಗೆದ್ದ ಮೊದಲ ತಟ್ಟೆ ಕಂಟ್ರಿಯಲ್ಲ, ಡಬ್ಲ್ಯುಎಸ್ಎಂನ ನೃತ್ಯ ಆರ್ಕೆಸ್ಟ್ರಾ ನಡೆಸುತ್ತಿದ್ದ ಫ್ರಾನ್ಸಿಸ್ ಕ್ರೇಗ್ ಅವರದು. 1950ರಲ್ಲಿ ಉದ್ಘೋಷಕ ಡೇವಿಡ್ ಕಾಬ್ ಮೈಕಿನಲ್ಲಿ ಊರನ್ನು ‘ಮ್ಯೂಸಿಕ್ ಸಿಟಿ’ ಎಂದುಬಿಟ್ಟರು, ಹೆಸರು ಅಂಟಿಕೊಂಡಿತು. ಇಷ್ಟಾದರೂ ಆಡಳಿತ ಮಂಡಳಿ 1955ರ ಸುಮಾರಿಗೆ ನೌಕರರಿಗೆ ತಾಕೀತು ಮಾಡಿತು: ಹೊರಗಿನ ವ್ಯವಹಾರ ಬಿಡಿ, ಇಲ್ಲವೇ ಕೆಲಸ ಬಿಡಿ. ಎಂಜಿನಿಯರುಗಳು ಕ್ಯಾಸಲ್ ಮುಚ್ಚಿದರು. ಕೋಟಿಗಟ್ಟಲೆ ಬೆಳೆದ ಉದ್ಯಮವೊಂದು ಮಡಿಲಲ್ಲೇ ಹುಟ್ಟಿದ್ದರೂ ಕಂಪನಿ ಅದನ್ನು ಇಟ್ಟುಕೊಳ್ಳಲಿಲ್ಲ. ವಿಮೆ ಮಾರುವವರ ಕಣ್ಣಿಗೆ ಅದು ಅಡ್ಡಕಸುಬು.

ಟೆಲಿವಿಷನ್ ಬಂದಮೇಲೆ ಎಲ್ಲ ರೇಡಿಯೊಗಳ ಹಾಗೆ ಇದರ ವೈಭವವೂ ಇಳಿಯಿತು. ರಾಕ್ ಸಂಗೀತದ ಹೊಡೆತಕ್ಕೆ ಕಂಟ್ರಿ ನಡುಗಿತು. 1961ರಲ್ಲಿ ದಿನವಿಡೀ ಕಂಟ್ರಿ ಹಾಕುವ ನಿಲಯಗಳು ಅಮೆರಿಕದಲ್ಲಿ 81 ಮಾತ್ರ ಎಂದು ಲೆಕ್ಕವಿತ್ತು. ಆ 81ರಲ್ಲಿ ಡಬ್ಲ್ಯುಎಸ್ಎಂ ಇರಲಿಲ್ಲ! ಹಗಲಿಗೆ ಅದು ಸುದ್ದಿ, ಮಾತು, ಹಗುರ ಸಂಗೀತದ ನಿಲಯ. ಕಂಟ್ರಿ ಇದ್ದದ್ದು ಮುಂಜಾನೆ ಮಾರ್ಥಾ ವೈಟ್ ಹಿಟ್ಟಿನ ಜಾಹೀರಾತಿನ ಜೊತೆ, ವಾರಾಂತ್ಯದ ಆಪ್ರಿಯಲ್ಲಿ, ಮತ್ತೆ ನಡುರಾತ್ರಿಯ ಮೇಲೆ. ಆ ನಡುರಾತ್ರಿಯ ಸರದಿಯನ್ನು 1957ರಿಂದ 1972ರವರೆಗೆ ರಾಲ್ಫ್ ಎಮೆರಿ ನಡೆಸಿದರು. ಗಾಯಕರು ಕಾರ್ಯಕ್ರಮ ಮುಗಿಸಿ ಸ್ಟುಡಿಯೊಗೆ ಬಂದು ಹರಟುತ್ತಿದ್ದರು. ದೇಶದ ಹೆದ್ದಾರಿಗಳಲ್ಲಿ ಲಾರಿ ಚಾಲಕರು ಕೇಳುತ್ತಿದ್ದರು. ನಿಲಯ ದಿನವಿಡೀ ಕಂಟ್ರಿಗೆ ಬಂದದ್ದು 1980ರ ಹೊತ್ತಿಗೆ.

ಅಷ್ಟರಲ್ಲಿ ಎರಡನೇ ಅಂಗಡಿ ತೆರೆದಿತ್ತು. 1972ರಲ್ಲಿ ಕಂಪನಿ ಊರ ಹೊರಗೆ ಆಪ್ರಿಲ್ಯಾಂಡ್ ಎಂಬ ಮನರಂಜನಾ ಪಾರ್ಕ್ ಮಾಡಿತು. 1974ರ ಮಾರ್ಚ್ 16ರಂದು ಆಪ್ರಿ ರೈಮನ್ ಬಿಟ್ಟು ಅಲ್ಲಿನ ಹೊಸ ರಂಗಮಂದಿರಕ್ಕೆ ಹೋಯಿತು. ಅಧ್ಯಕ್ಷ ನಿಕ್ಸನ್ ಬಂದು ಪಿಯಾನೊ ನುಡಿಸಿದರು. ವಾಟರ್‌ಗೇಟ್ ಹಗರಣದ ನಡುವೆ ಅವರಿಗೂ ಒಂದು ಖುಷಿಯ ಸಂಜೆ ಬೇಕಿತ್ತೇನೋ. ರೈಮನ್ ವೇದಿಕೆಯಿಂದ ಓಕ್ ಹಲಗೆಯ ಒಂದು ವೃತ್ತ ಕತ್ತರಿಸಿ ತಂದು ಹೊಸ ವೇದಿಕೆಯ ನಡುವೆ ಕೂರಿಸಿದರು. ಈಗ ರೇಡಿಯೊ ಪಾಲಿಸಿಗಳ ಬದಲು ಪ್ರವಾಸಿಗರನ್ನು ಕರೆಯುವ ಕೆಲಸ ಮಾಡತೊಡಗಿತು. 1982ರಲ್ಲಿ ವಿಮಾ ಕಂಪನಿಯನ್ನು ಅಮೆರಿಕನ್ ಜನರಲ್ ಎಂಬ ಇನ್ನೊಂದು ವಿಮಾ ಕಂಪನಿ ನುಂಗಿತು. ಅವರಿಗೆ ಹಾಡು ಪಾಡು ಬೇಡವಾಗಿತ್ತು. 1983ರಲ್ಲಿ ನಿಲಯ, ಆಪ್ರಿ, ಪಾರ್ಕು, ಹೋಟೆಲು ಎಲ್ಲವನ್ನೂ ಓಕ್ಲಹೋಮಾದ ಗೇಲಾರ್ಡ್ ಕಂಪನಿ ಕೊಂಡುಕೊಂಡಿತು. ಪಾರ್ಕ್ 1997ರಲ್ಲಿ ಮುಚ್ಚಿತು.

2001ರ ಕೊನೆಯಲ್ಲಿ ಗೇಲಾರ್ಡ್ ಡಬ್ಲ್ಯುಎಸ್ಎಂ ಅನ್ನು ಕ್ರೀಡಾ ಹರಟೆಯ ನಿಲಯ ಮಾಡುತ್ತದೆ ಎಂಬ ಸುದ್ದಿ ಹಬ್ಬಿತು. ಬರೀ ರೇಡಿಯೊ ಲೆಕ್ಕದಲ್ಲಿ ನೋಡಿದರೆ ಅದು ತಪ್ಪು ಎನ್ನಲಾಗದು, ಸಂಗೀತ ಕೇಳುವವರು ಎಫ್ಎಂಗೆ ಹೋಗಿ ಎಷ್ಟೋ ಕಾಲವಾಗಿತ್ತು. ಆದರೆ ಕೇಳುಗರು, ಗಾಯಕರು ಬೀದಿಗಿಳಿದರು. 2002ರ ಆರಂಭದಲ್ಲಿ ಕಂಪನಿ ಹಿಂದೆ ಸರಿಯಿತು. ಭಾವನೆಗೆ ಸೋತಿತು ಎಂದು ಬರೆಯುವವರಿದ್ದಾರೆ. ನನಗೆ ಹಾಗನ್ನಿಸುವುದಿಲ್ಲ. ಆಪ್ರಿ ಟಿಕೆಟಿಗೂ ಹೋಟೆಲ್ ಕೋಣೆಗೂ ಗಿರಾಕಿ ತರುವುದೇ ಆ ಹಳೆಯ ಹೆಸರು. ಅದನ್ನು ಅಳಿಸಿದರೆ ನಷ್ಟ ರೇಡಿಯೊದ ಲೆಕ್ಕದಲ್ಲಿ ಬರುವುದಿಲ್ಲ, ಹೋಟೆಲಿನ ಲೆಕ್ಕದಲ್ಲಿ ಬರುತ್ತದೆ.

2010ರ ಮೇ ತಿಂಗಳಲ್ಲಿ ಕಂಬರ್ಲೆಂಡ್ ನದಿ ಉಕ್ಕಿ ಆಪ್ರಿ ವೇದಿಕೆಯ ಮೇಲೆ ಸುಮಾರು ನಾಲ್ಕಡಿ ನೀರು ನಿಂತಿತು. ಹೋಟೆಲಿನಲ್ಲಿದ್ದ ಸ್ಟುಡಿಯೊದಿಂದ ಎದ್ದು ಉದ್ಘೋಷಕರು ಬ್ರೆಂಟ್‌ವುಡ್‌ನ ಟವರಿನ ಬುಡಕ್ಕೆ ಹೋಗಿ ಅಲ್ಲಿಂದ ಪ್ರಸಾರ ಮಾಡಿದರು. ಆಪ್ರಿ ಬೇರೆ ಸಭಾಂಗಣಗಳಲ್ಲಿ ನಡೆಯಿತು. ಮಂದಿರ ಸೆಪ್ಟೆಂಬರಿನಲ್ಲಿ ಮತ್ತೆ ತೆರೆಯಿತು. ಗೇಲಾರ್ಡ್ 2012ರಲ್ಲಿ ರೈಮನ್ ಹಾಸ್ಪಿಟಾಲಿಟಿ ಎಂದು ಹೆಸರು ಬದಲಿಸಿಕೊಂಡಿತು. ದೊಡ್ಡ ಸಮ್ಮೇಳನಗಳು ನಡೆಯುವ ಹೋಟೆಲುಗಳೇ ಅದರ ಮುಖ್ಯ ವ್ಯವಹಾರ.

ಕೇಳಬೇಕೆನಿಸಿದರೆ ಈಗ ಕ್ಲಿಯರ್ ಚಾನೆಲ್ಲಿನ ಹಂಗಿಲ್ಲ, ಇಂಟರ್ನೆಟ್ಟಿನಲ್ಲಿ ಸಿಗುತ್ತದೆ. ಅಲ್ಲಿನ ಶನಿವಾರ ಸಂಜೆ ಏಳು ಗಂಟೆಯೆಂದರೆ ನಮಗೆ ಭಾನುವಾರ ಬೆಳಗ್ಗೆ ಐದೂವರೆ, ಅವರ ಚಳಿಗಾಲದಲ್ಲಿ ಆರೂವರೆ. ಹಾಡುಗಳ ನಡುವೆ ಉದ್ಘೋಷಕ ವೇದಿಕೆಯ ಬದಿಯಲ್ಲಿ ನಿಂತು ಪ್ರಾಯೋಜಕರ ಜಾಹೀರಾತನ್ನು ನೇರವಾಗಿ ಓದುತ್ತಾರೆ. ಅದನ್ನು ಹಾರಿಸಬೇಡಿ, ಆ ರಾತ್ರಿ ನೀವು ಕೇಳುವುದರಲ್ಲಿ 1925ರಿಂದ ಅತಿ ಕಡಿಮೆ ಬದಲಾದದ್ದು ಅದೇ.